ತಾಳದ ಮನೆಯಿಂದ ಬಂದವರು: ಮೊರೀಸ್ ಜಾರ್

ಮಾಗಡಿಯ ಕಡೆಗೆ ಹೋದವರು ಸಾವನದುರ್ಗವನ್ನು ನೋಡಿಯೇ ಇರುತ್ತೀರಿ. ಒಂದೇ ಕಲ್ಲಿನ ಬೆಟ್ಟ. ಹತ್ತಿರ ಹೋದಷ್ಟೂ ಬೆಳೆಯುವ ಬೆಟ್ಟ. ನಾನು ಮಾಧ್ಯಮಿಕ ಶಾಲೆಯ ಹುಡುಗನಾಗಿದ್ದಾಗ, ೧೯೮೩-೮೪ರ ಸುಮಾರಿನಲ್ಲಿ, ಈ ಬೆಟ್ಟಕ್ಕೆ ಇಂಗ್ಲೆಂಡಿನ ಸಿನಿಮಾ ತಂಡವೊಂದು ಬಂದಿತು. ಇ. ಎಂ. ಫಾರ್ಸ್ಟರ್ ಎಂಬ ಆಂಗ್ಲ ಕಾದಂಬರಿಕಾರರು ೧೯೨೪ರಲ್ಲಿ ಪ್ರಕಟಿಸಿದ ‘ಎ ಪ್ಯಾಸೇಜ್ ಟು ಇಂಡಿಯ’ ಕಾದಂಬರಿಯಲ್ಲಿ ಮರಬಾರ್ ಎಂಬ ಗುಹೆಗಳು ಬರುತ್ತವೆ. ಕಥೆಯ ಗುಹೆಗಳಿರುವುದು ಉತ್ತರದಲ್ಲಿ. ಆದರೆ ನಿರ್ದೇಶಕ ಡೇವಿಡ್ ಲೀನ್ ಅವರ ಕಣ್ಣಿಗೆ ಹಿಡಿದದ್ದು ನಮ್ಮ ಸಾವನದುರ್ಗ ಮತ್ತು ರಾಮನಗರದ ರಾಮದೇವರ ಬೆಟ್ಟಗಳ ಬಂಡೆ. ‘ಇರುವ ಬೆಟ್ಟ ಸಾಲದೆಂದು ಬಂಡೆಗೆ ಬಾಯಿ ಮಾಡುತ್ತಿದ್ದಾರಂತೆ’ ಎಂದು ನಮ್ಮ ಊರಿನ ಹಿರಿಯರು ಜಗಲಿಯ ಮೇಲೆ ಕುಳಿತು ಆಡಿಕೊಂಡದ್ದು ನನಗೆ ಈಗಲೂ ನೆನಪಿದೆ.

ಆ ಚಿತ್ರವನ್ನು ನಾನು ನೋಡಿದ್ದು ಬಹಳ ವರ್ಷಗಳ ಮೇಲೆ. ಕಲ್ಲೇನೋ ನಮ್ಮದೇ, ಗುರುತು ಹತ್ತಿತು. ಆದರೆ ಚಿತ್ರದಲ್ಲಿ ಅಲ್ಲಲ್ಲಿ ಮೂಡಿ ಮರೆಯಾಗುವ ನಾದ ಯಾರದು? ವಿಚಾರಿಸಿದಾಗ ತಿಳಿದುಬಂದ ಹೆಸರು ಮೊರೀಸ್ ಜಾರ್. ಫ್ರಾನ್ಸ್ ದೇಶದ ಲಿಯೋನ್ ನಗರದವರು. ಲೋಕದಲ್ಲಿ ಹೆಸರಾದ ಎಷ್ಟೋ ಚಲಚ್ಚಿತ್ರಗಳಿಗೆ ಸಂಗೀತ ಬರೆದವರು. ಹೈಸ್ಕೂಲಿನಲ್ಲಿ ಹಳಗನ್ನಡದ ಪಾಠ ಹೇಳುವ ಪಂಡಿತನಿಗೂ ಫ್ರೆಂಚರ ಸಿನಿಮಾ ಸಂಗೀತಕ್ಕೂ ಎಲ್ಲಿಯ ನಂಟು ಎಂದು ನೀವು ಕೇಳಬಹುದು. ನಂಟು ಎರಡು ಬಗೆಯದು. ಒಂದು, ಈಗ ಹೇಳಿದ ಬಂಡೆ. ಇನ್ನೊಂದು, ನನ್ನ ಒಬ್ಬ ಶಿಷ್ಯ. ಅವನ ಮಾತು ಸಮಯ ಬಂದಾಗ ಬರುತ್ತದೆ.

ಲಿಯೋನ್ ನಗರ ಎರಡು ನದಿಗಳ ಕೂಡಲಿಯಲ್ಲಿ ಇದೆ; ರೋನ್ ಮತ್ತು ಸೋನ್ ಅಲ್ಲಿ ಸೇರುತ್ತವೆ. ರೇಷ್ಮೆ ನೆಯ್ಗೆಗೆ ಪ್ರಸಿದ್ಧವಾದ ಊರು. ಸಿನಿಮಾಕ್ಕೂ ಅದು ತವರೂರೆಂದೇ ಹೇಳಬೇಕು. ಲೂಮಿಯೇರ್ ಸಹೋದರರು ತಮ್ಮ ಕಾರ್ಖಾನೆಯಿಂದ ಕೆಲಸಗಾರರು ಹೊರಗೆ ಬರುವುದನ್ನು ೧೮೯೫ರಲ್ಲಿ ಚಿತ್ರವಾಗಿ ಹಿಡಿದದ್ದು ಆ ಊರಿನಲ್ಲಿ. ಮರುವರ್ಷ ಜುಲೈ ತಿಂಗಳಲ್ಲೇ ಅವರ ಚಿತ್ರಗಳು ಮುಂಬಯಿಯಲ್ಲಿ ತೋರಿಸಲ್ಪಟ್ಟುವು. ಅಂಥ ಊರಿನಲ್ಲಿ ೧೯೨೪ರ ಸೆಪ್ಟೆಂಬರ್ ೧೩ರಂದು ಮೊರೀಸ್ ಜಾರ್ ಹುಟ್ಟಿದರು. ಫಾರ್ಸ್ಟರರ ಕಾದಂಬರಿ ಹೊರಬಂದ ವರ್ಷವೂ ಅದೇ. ಅರುವತ್ತು ವರ್ಷದ ಮೇಲೆ ಈ ಇಬ್ಬರೂ ಒಂದೇ ಚಿತ್ರದಲ್ಲಿ ಸಂಧಿಸುವರೆಂದು ಆಗ ಯಾರಿಗೆ ಗೊತ್ತಿತ್ತು!

ಇಲ್ಲಿ ರೇಡಿಯೊ ಕೇಳುವ ನಿಮಗೆ ಹಿತವಾಗುವ ಒಂದು ಸಂಗತಿ ಇದೆ. ಮೊರೀಸರ ತಂದೆ ಆಂದ್ರೆ ಜಾರ್ ಅವರು ಲಿಯೋನ್ ರೇಡಿಯೊ ನಿಲಯದ ತಾಂತ್ರಿಕ ವಿಭಾಗದ ಮುಖ್ಯಸ್ಥರು. ಸ್ವತಃ ಎಂಜಿನಿಯರು, ಹಲವು ಕಡೆಯಿಂದ ಬರುವ ಧ್ವನಿಗಳನ್ನು ಹದವಾಗಿ ಬೆರೆಸುವ ಯಂತ್ರವನ್ನು ಆ ನಿಲಯಕ್ಕಾಗಿ ರೂಪಿಸಿದವರು. ಮಗನೂ ಎಂಜಿನಿಯರಾಗಬೇಕೆಂಬುದು ಅವರ ಇಚ್ಛೆ. ಯಾವ ತಂದೆಗೆ ಆ ಇಚ್ಛೆ ಇರುವುದಿಲ್ಲ? ಮಗ ಪ್ಯಾರಿಸಿಗೆ ಹೋಗಿ ಸೊರ್ಬಾನ್ ವಿದ್ಯಾಪೀಠಕ್ಕೆ ಸೇರಿದ್ದೂ ಆಯಿತು. ಆದರೆ ಮನಸ್ಸು ಲೆಕ್ಕದಲ್ಲಿ ನಿಲ್ಲಲಿಲ್ಲ. ತಂದೆಯ ಇಷ್ಟಕ್ಕೆ ವಿರೋಧವಾಗಿ ಆ ಓದನ್ನು ಬಿಟ್ಟು, ಪ್ಯಾರಿಸಿನ ಸಂಗೀತ ಮಹಾಶಾಲೆಗೆ ಸೇರಿದರು. ಅಷ್ಟು ದೊಡ್ಡ ವಯಸ್ಸಿನಲ್ಲಿ ಪಿಟೀಲು, ಪಿಯಾನೊಗಳನ್ನು ಮೊದಲಿನಿಂದ ಕಲಿಯುವುದು ಕಷ್ಟ. ಅಲ್ಲಿಯ ಮಕ್ಕಳು ಐದಾರು ವರ್ಷಕ್ಕೇ ಶುರುಮಾಡಿರುತ್ತಾರೆ. ಜಾರ್ ಆರಿಸಿಕೊಂಡದ್ದು ತಾಳವಾದ್ಯ: ಟಿಂಪನಿ ಎಂಬ ದೊಡ್ಡ ನಗಾರಿ, ಡೋಲು, ಜಾಗಟೆ, ಮರದ ಮತ್ತು ಲೋಹದ ಬಡಿತದ ವಾದ್ಯಗಳು.

ಈಗ ನನ್ನ ಶಿಷ್ಯನ ಮಾತು ಬಂದಿತು. ನಾನು ಕೆಲಸಕ್ಕೆ ಸೇರಿದ ಹೊಸದರಲ್ಲಿ ಒಂಬತ್ತನೆಯ ತರಗತಿಯಲ್ಲಿ ಒಬ್ಬ ಹುಡುಗನಿದ್ದ. ಪಾಠ ನಡೆಯುವಾಗ ಅವನ ಬೆರಳುಗಳು ಬೆಂಚಿನ ಮೇಲೆ ಸುಮ್ಮನಿರುತ್ತಿರಲಿಲ್ಲ. ದೇವಸ್ಥಾನದ ಭಜನೆಯಲ್ಲಿ ಮೃದಂಗ ನುಡಿಸುವವರನ್ನು ನೋಡಿ ನೋಡಿ ತಾನೇ ಕಲಿತದ್ದು. ಒಂದು ದಿನ ಅವನ ತಂದೆ ನನ್ನಲ್ಲಿಗೆ ಬಂದು, “ಮೇಷ್ಟ್ರೆ, ಮೃದಂಗದ ಮೇಷ್ಟ್ರ ಹತ್ತಿರ ಸೇರಿಸಿ ಎಂದು ಹಠ ಹಿಡಿದಿದ್ದಾನೆ. ನೀವಾದರೂ ಬುದ್ಧಿ ಹೇಳಿ” ಎಂದರು. ನಾನು ಹುಡುಗನನ್ನು ಕರೆದು, “ಬೆಂಚು ಬಡಿದರೆ ಹೊಟ್ಟೆ ತುಂಬೀತೇನಯ್ಯ? ಮೊದಲು ಗಣಿತದಲ್ಲಿ ಪಾಸಾಗು” ಎಂದೆ. ಹುಡುಗ ತಲೆ ತಗ್ಗಿಸಿ ಹೋದ. ಬೆರಳು ನಿಂತಿತು. ತರಗತಿಯಲ್ಲಿ ಶಾಂತಿ ನೆಲಸಿತು. ನಾನು ಒಳ್ಳೆಯ ಕೆಲಸ ಮಾಡಿದೆನೆಂದೇ ತಿಳಿದುಕೊಂಡೆ.

ಪ್ಯಾರಿಸಿನ ಹುಡುಗನಿಗೆ ಹಾಗೆ ಹೇಳಿ ತಡೆಯುವ ಮೇಷ್ಟರು ಸಿಗಲಿಲ್ಲ. ತಾಳವಾದ್ಯಕ್ಕೆ ಫೆಲಿಕ್ಸ್ ಪಾಸರೋನ್, ರಚನೆಗೆ ಆರ್ತ್ಯುರ್ ಹೊನೆಗೆರ್ ಎಂಬ ದೊಡ್ಡ ವಾಗ್ಗೇಯಕಾರರು ಗುರುಗಳಾಗಿ ಒದಗಿದರು. ಹೊನೆಗೆರ್ ಸ್ವತಃ ಚಲಚ್ಚಿತ್ರಗಳಿಗೆ ಸಂಗೀತ ಬರೆದವರು; ಸಿನಿಮಾ ಎಂದರೆ ಮೂಗು ಮುರಿಯುವವರಲ್ಲ.

ಅಲ್ಲಿ ಜಾರ್ ಇನ್ನೂ ಒಂದು ವಿಚಿತ್ರ ವಾದ್ಯದ ಪರಿಚಯ ಮಾಡಿಕೊಂಡರು. ಅದರ ಹೆಸರು ‘ಓಂದ್ ಮಾರ್ತನೋ’, ಎಂದರೆ ಮಾರ್ತನೋ ಅವರ ಅಲೆಗಳು. ನಮ್ಮಲ್ಲಿ ಹಿಂದೆ ಇದ್ದ ದೊಡ್ಡ ವಾಲ್ವ್ ರೇಡಿಯೊಗಳನ್ನು ನೆನಪುಮಾಡಿಕೊಳ್ಳಿ. ಮುಳ್ಳನ್ನು ತಿರುಗಿಸಿ ಒಂದು ಕೇಂದ್ರದಿಂದ ಇನ್ನೊಂದಕ್ಕೆ ಹೋಗುವಾಗ ನಡುವೆ ‘ಕುಯ್ಯ್’ ಎಂದು ಏರಿ ಇಳಿಯುವ ಸಿಳ್ಳೆಯೊಂದು ಕೇಳುತ್ತಿತ್ತಲ್ಲವೆ? ಕಿವಿಗೆ ಕೇಳಿಸದಷ್ಟು ವೇಗದ ಎರಡು ಕಂಪನಗಳು ಒಂದಕ್ಕೊಂದು ತಗುಲಿದಾಗ ಅವುಗಳ ಅಂತರವು ಕೇಳಿಸುವ ಸ್ವರವಾಗುತ್ತದೆ. ಆ ಸಿಳ್ಳೆ ನಮಗೆಲ್ಲ ಪೀಡೆ. ಮೊರೀಸ್ ಮಾರ್ತನೋ ಎಂಬವರಿಗೆ ಅದರಲ್ಲಿ ಸಂಗೀತ ಕೇಳಿಸಿತು. ಮೊದಲನೆಯ ಮಹಾಯುದ್ಧದಲ್ಲಿ ತಂತಿರಹಿತ ಸಂದೇಶಗಳ ವಿಭಾಗದಲ್ಲಿ ಕೆಲಸಮಾಡಿದ್ದ ಅವರು ೧೯೨೮ರಲ್ಲಿ ಈ ವಾದ್ಯವನ್ನು ಸಭೆಗೆ ತಂದರು. ವಾದಕನು ಒಂದು ಉಂಗುರದಲ್ಲಿ ಬೆರಳಿಟ್ಟು, ತಂತಿಯ ಉದ್ದಕ್ಕೂ ಅದನ್ನು ಎಳೆಯುತ್ತಾನೆ. ಸ್ವರ ಮೆಟ್ಟಲು ಮೆಟ್ಟಲಾಗಿ ಏರದೆ ಜಾರುತ್ತದೆ. ಎಡಗೈಯಿಂದ ಅದರ ದನಿಯನ್ನು ಹಿಗ್ಗಿಸಿ ಕುಗ್ಗಿಸಬಹುದು. ನಮ್ಮ ಗಮಕಗಳಲ್ಲಿ ‘ಜಾರು’ ಎಂಬುದೊಂದಿದೆ. ಜಾರ್ ಅವರ ಕೈಗೆ ಜಾರುವ ವಾದ್ಯವೇ ಬಂದಿತೆಂದರೆ ಶ್ಲೇಷೆಗೆ ಪಂಡಿತನಾದ ನನಗೇ ಶ್ರಮವಿಲ್ಲ! ಒಂದು ಕಡೆ ನೆಲಕ್ಕೆ ಅಂಟಿದ ನಗಾರಿ, ಇನ್ನೊಂದು ಕಡೆ ಗಾಳಿಯಲ್ಲಿ ತೇಲುವ ರೇಡಿಯೊ ಅಲೆ. ಈ ಎರಡನ್ನೂ ಅವರು ಕೊನೆಯವರೆಗೆ ಬಿಡಲಿಲ್ಲ.

ವಿದ್ಯಾಭ್ಯಾಸ ಮುಗಿದ ಮೇಲೆ ಹೊಟ್ಟೆಪಾಡು. ಜಾನ್ ಲೂಯಿ ಬಾರೋ ಎಂಬ ಹೆಸರಾಂತ ನಟರ ನಾಟಕ ಕಂಪೆನಿಯಲ್ಲಿ ಜಾರ್ ತಾಳವಾದ್ಯ ನುಡಿಸಿದರು. ಅಲ್ಲಿಯ ಸಂಗೀತದ ಮೇಲ್ವಿಚಾರಣೆ ಪಿಯೇರ್ ಬುಲೆಜ್ ಅವರದು. ಮುಂದೆ ಯೂರೋಪಿನ ನವ್ಯ ಸಂಗೀತಕ್ಕೆ ಮುಂದಾಳಾದವರು. ಆಮೇಲೆ ೧೯೫೧ರಲ್ಲಿ ಜಾನ್ ವಿಲಾರ್ ಅವರಿಂದ ಕರೆ ಬಂದಿತು.

ವಿಲಾರ್ ನಾಟಕಕ್ಕೆ ಸಾಮಾನ್ಯ ಜನರನ್ನು ಕರೆತಂದ ಮಹನೀಯರು. ದಕ್ಷಿಣ ಫ್ರಾನ್ಸಿನ ಅವಿನ್ಯೋನ್ ನಗರದಲ್ಲಿ, ಪೋಪರ ಹಳೆಯ ಅರಮನೆಯ ಬಯಲಂಗಳದಲ್ಲಿ ೧೯೪೭ರಿಂದ ನಾಟಕೋತ್ಸವ ನಡೆಸುತ್ತಿದ್ದರು. ೧೯೫೧ರಲ್ಲಿ ‘ರಾಷ್ಟ್ರೀಯ ಜನತಾ ರಂಗಭೂಮಿ’ಯ ಆಡಳಿತವೂ ಅವರ ಕೈಗೆ ಬಂದಿತು. ಟಿಕೆಟ್ಟಿನ ದರ ಕಡಮೆ, ಕಾರ್ಖಾನೆಯ ಕೆಲಸಗಾರರೂ ಬರಬೇಕೆಂಬುದು ಹಂಬಲ. ಅವರ ರಂಗಸ್ಥಳದಲ್ಲಿ ಪರದೆಗಳ ಆಡಂಬರವಿಲ್ಲ. ಬರಿಯ ಹಲಗೆ, ಬೆಳಕು, ಉಡುಪು ಮತ್ತು ಮಾತು. ಅರಮನೆಯನ್ನೂ ರಣರಂಗವನ್ನೂ ತೋರಿಸುವ ಹೊಣೆ ಅಷ್ಟರಮಟ್ಟಿಗೆ ಸಂಗೀತದ ಮೇಲೆ ಬಿದ್ದಿತು. ನಮ್ಮ ಬಯಲಾಟದಲ್ಲಿ ಚೆಂಡೆಯ ಒಂದು ಉರುಳಿಕೆಗೆ ಕಾಡೂ ಕದನವೂ ಎದ್ದುನಿಲ್ಲುವುದನ್ನು ಕಂಡವರಿಗೆ ಇದು ಹೊಸ ಮಾತಲ್ಲ.

ಜಾರ್ ಹನ್ನೆರಡು ವರ್ಷ ಅಲ್ಲಿ ಸಂಗೀತ ನಿರ್ದೇಶಕರಾಗಿದ್ದರು. ನಾಟಕದ ಸಂಗೀತಗಾರನಿಗೆ ಮೊದಲನೆಯ ಪಾಠವೆಂದರೆ ನಟನ ಮಾತಿನ ಮೇಲೆ ಕೈಯಿಡದಿರುವುದು. ಮಾತು ಮುಗಿದ ಕಡೆ ಒಂದು ಬಡಿತ. ಪಾತ್ರ ಒಳಹೊಕ್ಕಾಗ ನಾಲ್ಕು ಸ್ವರ. ಉಳಿದಂತೆ ಕೈಕಟ್ಟಿ ಕುಳಿತು ಕೇಳುವುದು. ತಾಳ ಕಲಿತವರಿಗೆ ಇದು ಬೇಗ ಅರ್ಥವಾಗುತ್ತದೆ. ಮೃದಂಗದವರನ್ನು ಕೇಳಿ ನೋಡಿ; ಹೊಡೆಯುವ ಪೆಟ್ಟಿನಷ್ಟೇ ಬಿಡುವ ಕಾರ್ವೆಯೂ ತಾಳದ ಭಾಗವೆಂದು ಹೇಳುತ್ತಾರೆ. ಅವಿನ್ಯೋನಿನ ಆ ಅಂಗಳದಲ್ಲಿ ನಾಟಕ ಪ್ರಾರಂಭವಾಗುವ ಮುನ್ನ ಜಾರ್ ರಚಿಸಿದ ಕಹಳೆಯ ನಾದ ಮೊಳಗುವ ಸಂಪ್ರದಾಯ ಅವರ ಕಾಲದ ಮೇಲೂ ಉಳಿದು ಬಂದಿದೆ. ಕಲಾವಿದನಿಗೆ ಇದಕ್ಕಿಂತ ಬೇರೆ ಶಿಲಾಶಾಸನ ಬೇಕೆ?

ಚಲಚ್ಚಿತ್ರಕ್ಕೆ ಅವರು ಕಾಲಿಟ್ಟದ್ದು ೧೯೫೨ರಲ್ಲಿ. ಜಾರ್ಜ್ ಫ್ರಾಂಜು ಎಂಬ ನಿರ್ದೇಶಕರು ಪ್ಯಾರಿಸಿನ ಯುದ್ಧ ವಸ್ತುಸಂಗ್ರಹಾಲಯವನ್ನು ಕುರಿತು ಒಂದು ಕಿರುಚಿತ್ರ ತೆಗೆದರು. ಅದಕ್ಕೆ ಜಾರ್ ಸಂಗೀತ ಕೊಟ್ಟರು. ಮುಂದಿನ ಹತ್ತು ವರ್ಷಗಳಲ್ಲಿ ಫ್ರೆಂಚ್ ಚಿತ್ರಗಳಿಗೆ ಅವರು ಬರೆದದ್ದರಲ್ಲಿ ಬಹುಪಾಲು ಸಣ್ಣ ಮೇಳದ ಕೆಲಸ. ಹಣವೂ ಸ್ವಲ್ಪ, ವಾದ್ಯಗಳೂ ಸ್ವಲ್ಪ.

ಸಿನಿಮಾದ ಸಂಗೀತವೆಂದರೆ ನಮ್ಮಲ್ಲಿ ಹಾಡು ಎಂದು ತಿಳಿಯುವುದು ವಾಡಿಕೆ. ಇಲ್ಲಿ ನಾನು ಹೇಳುತ್ತಿರುವುದು ಹಾಡಲ್ಲ. ದೃಶ್ಯದ ಹಿಂದೆ ನಡೆಯುವ ವಾದ್ಯವೃಂದದ ನಾದ. ಅದನ್ನು ಸಿದ್ಧಪಡಿಸುವ ಕ್ರಮ ಹೀಗೆ: ಚಿತ್ರವನ್ನು ಕತ್ತರಿಸಿ ಜೋಡಿಸಿದ ಮೇಲೆ ನಿರ್ದೇಶಕನೂ ಸಂಯೋಜಕನೂ ಕೂಡಿ ನೋಡುತ್ತಾರೆ. ಎಲ್ಲಿ ಸಂಗೀತ ಬೇಕು, ಎಲ್ಲಿ ಬೇಡ ಎಂದು ಗುರುತುಹಾಕುತ್ತಾರೆ. ಸೆಕೆಂಡಿಗೆ ೨೪ ಚಿತ್ರಗಳಂತೆ ಓಡುವ ಸುರುಳಿ ಅದು. ಬಾಗಿಲು ಯಾವ ಸೆಕೆಂಡಿಗೆ ತೆರೆಯಿತು, ಕುದುರೆ ಯಾವಾಗ ಮುಗ್ಗರಿಸಿತು ಎಂಬ ಪಟ್ಟಿ ತಯಾರಾಗುತ್ತದೆ. ಆ ಪಟ್ಟಿಯನ್ನು ಮುಂದಿಟ್ಟುಕೊಂಡು ಸಂಯೋಜಕನು ಸ್ವರ ಹಾಕಬೇಕು. ನಮ್ಮ ಕವಿಗಳು ಮಾತ್ರಾಗಣಕ್ಕೆ ಕಟ್ಟುಬಿದ್ದು ಭಾವವನ್ನು ಹರಿಯಗೊಟ್ಟಂತೆಯೇ ಇದು. ಗಣ ತಪ್ಪಿದರೆ ಪದ್ಯ ಕೆಟ್ಟಿತು. ಗಣ ಮಾತ್ರ ಸರಿಯಿದ್ದರೆ ಅದು ಪದ್ಯವೂ ಅಲ್ಲ.

೧೯೬೨ರಲ್ಲಿ ಜಾರ್ ಅವರ ಬಾಳಿನ ದಿಕ್ಕು ತಿರುಗಿತು. ನಿರ್ಮಾಪಕ ಸ್ಯಾಮ್ ಸ್ಪೀಗೆಲ್ ಅವರು ‘ಲಾರೆನ್ಸ್ ಆಫ್ ಅರೇಬಿಯ’ ಎಂಬ ಮಹಾಚಿತ್ರದ ಕೆಲಸಕ್ಕೆ ಲಂಡನ್ನಿಗೆ ಕರೆಸಿಕೊಂಡರು. ನಿರ್ದೇಶಕರು ಡೇವಿಡ್ ಲೀನ್. ಮುಂದೆ ನಡೆದುದನ್ನು ಜಾರ್ ಅವರೇ ಅನೇಕ ಸಲ ಹೇಳಿಕೊಂಡಿದ್ದಾರೆ. ಮೊದಲು ಅವರನ್ನು ಕರೆದದ್ದು ಮುಖ್ಯ ಸಂಯೋಜಕರನ್ನಾಗಿ ಅಲ್ಲ. ಅರಬ್ಬೀ ಭಾಗಕ್ಕೆ ಸೋವಿಯತ್ ದೇಶದ ಖಚತುರಿಯನ್, ಆಂಗ್ಲ ಭಾಗಕ್ಕೆ ಬೆಂಜಮಿನ್ ಬ್ರಿಟನ್, ಇವರಿಬ್ಬರದನ್ನು ಹೊಂದಿಸುವುದಕ್ಕೆ ಜಾರ್ ಎಂಬ ಏರ್ಪಾಡು. ಆ ಇಬ್ಬರೂ ಬರಲಿಲ್ಲ. ಆಮೇಲೆ ಅಮೆರಿಕದ ಪ್ರಸಿದ್ಧ ರಿಚರ್ಡ್ ರಾಜರ್ಸ್ ಅವರಿಂದ ರಾಗಗಳು ಬಂದುವು. ಲೀನ್ ಕೇಳಿದರು, ಒಪ್ಪಲಿಲ್ಲ. ‘ನೀನೇನಾದರೂ ಬರೆದಿದ್ದೀಯಾ?’ ಎಂಬ ಪ್ರಶ್ನೆ ಮೂಲೆಯಲ್ಲಿದ್ದ ಜಾರ್ ಅವರಿಗೆ ಬಂದಿತು. ಅವರು ಪಿಯಾನೊದಲ್ಲಿ ತಮ್ಮ ರಾಗ ನುಡಿಸಿದರು. ಅಷ್ಟೇ, ಚಿತ್ರವೆಲ್ಲ ಅವರ ಪಾಲಾಯಿತು. ಕೈಯಲ್ಲಿ ಉಳಿದದ್ದು ಸುಮಾರು ಆರು ವಾರ. ಬರೆಯಬೇಕಾದದ್ದು ಎರಡು ಗಂಟೆಯಷ್ಟು ಸಂಗೀತ.

ಚಿತ್ರ ಪ್ರಾರಂಭವಾಗುವ ಮುನ್ನ ಪರದೆ ಕಪ್ಪಗಿರುವಾಗಲೇ ನಗಾರಿಗಳು ಗುಡುಗುತ್ತವೆ; ಅಲ್ಲಿಯೇ ತಾಳದವರ ಕೈ ಗೊತ್ತಾಗುತ್ತದೆ. ಮರುಭೂಮಿಯ ರಾಗ ಆಮೇಲೆ ತೆರೆಯುತ್ತದೆ. ನುಡಿಸಿದ್ದು ಲಂಡನ್ ಫಿಲ್ಹಾರ್ಮಾನಿಕ್ ವಾದ್ಯವೃಂದ. ನಡೆಸಿದವರೆಂದು ಪರದೆಯ ಮೇಲೆ ಸರ್ ಏಡ್ರಿಯನ್ ಬೋಲ್ಟ್ ಅವರ ಹೆಸರಿದೆ. ಆದರೆ ಓಡುವ ಚಿತ್ರದ ಸೆಕೆಂಡುಗಳಿಗೆ ಕೋಲು ಹೊಂದಿಸಿ ಬಹುಭಾಗ ನಡೆಸಿದವರು ಜಾರ್.

ಆ ಚಿತ್ರದ ಎರಡು ದೃಶ್ಯಗಳನ್ನು ಮಾತ್ರ ಹೇಳುತ್ತೇನೆ. ಒಂದು: ಲಾರೆನ್ಸ್ ಒಂದು ಉರಿಯುವ ಬೆಂಕಿಕಡ್ಡಿಯನ್ನು ಊದುತ್ತಾನೆ. ಮರುಗಳಿಗೆ ಮರುಭೂಮಿಯ ಅಂಚು, ಕೆಂಪು ಆಕಾಶ, ಸೂರ್ಯೋದಯ. ಸಂಗೀತ ತಕ್ಷಣ ಎರಗುವುದಿಲ್ಲ; ತಳದಿಂದ ಮೆಲ್ಲಗೆ ಮೇಲೇರಿ, ಮರಳಿನ ವಿಸ್ತಾರ ಕಣ್ಣಿಗೆ ತುಂಬಿದಾಗ ತಾನೂ ತುಂಬುತ್ತದೆ. ಇನ್ನೊಂದು: ಬಾವಿಯ ಬಳಿ ಇಬ್ಬರು ನಿಂತಿದ್ದಾರೆ. ಬಹುದೂರದಲ್ಲಿ ಬಿಸಿಲ್ಗುದುರೆಯ ನಡುವೆ ಒಂದು ಕಪ್ಪು ಚುಕ್ಕೆ. ಅದು ನಡುಗುತ್ತ, ಬೆಳೆಯುತ್ತ, ಒಂಟೆಯ ಮೇಲಿನ ಮನುಷ್ಯನಾಗುತ್ತದೆ. ಬರುವವನು ಮಿತ್ರನೋ ಶತ್ರುವೋ ತಿಳಿಯದು. ಇಂಥ ಕಡೆ ನೂರು ವಾದ್ಯಗಳನ್ನು ಕೂಗಿಸಬೇಕೆಂದು ಯಾರಿಗೆ ಆಸೆಯಾಗದು? ಅಲ್ಲಿ ಸಂಗೀತವೇ ಇಲ್ಲ. ಒಂಟೆಯ ಹೆಜ್ಜೆಯ ಸಪ್ಪಳ, ಅಷ್ಟೇ. ನಮ್ಮ ಎದೆಯ ಬಡಿತವೇ ತಾಳವಾಗುತ್ತದೆ.

ಕ್ಷೇಮೇಂದ್ರನೆಂಬ ಕಾಶ್ಮೀರದ ಪಂಡಿತನು ಹನ್ನೊಂದನೆಯ ಶತಮಾನದಲ್ಲಿ ಕಾವ್ಯಕ್ಕೆ ಔಚಿತ್ಯವೇ ಜೀವವೆಂದು ಸಾಧಿಸಿದನು. ಒಡವೆ ಎಷ್ಟೇ ಬೆಲೆಯದಾದರೂ ಸಲ್ಲುವ ಕಡೆ ಸಂದರೆ ಮಾತ್ರ ಚೆಲುವು. ಸಿನಿಮಾ ಸಂಗೀತಕ್ಕೆ ಇದಕ್ಕಿಂತ ಸರಿಯಾದ ಅಳತೆಗೋಲು ನನಗೆ ಕಾಣದು. ಒಳ್ಳೆಯ ರಾಗ ಬರೆಯುವವರು ಬೇಕಾದಷ್ಟು ಜನರಿದ್ದಾರೆ. ತನ್ನ ಒಳ್ಳೆಯ ರಾಗವನ್ನೇ ‘ಇಲ್ಲಿ ನೀನು ಬೇಡ’ ಎಂದು ತಡೆದು ನಿಲ್ಲಿಸುವವರು ವಿರಳ. ಜಾರ್ ಅವರ ಹಿರಿಮೆ ಇರುವುದು ಇಲ್ಲಿ.

ಲಾರೆನ್ಸ್ ಚಿತ್ರ ಅವರಿಗೆ ಮೊದಲ ಆಸ್ಕರ್ ಪಾರಿತೋಷಕವನ್ನು ತಂದಿತು. ಎರಡನೆಯದು ೧೯೬೫ರ ‘ಡಾಕ್ಟರ್ ಜಿವಾಗೊ’ ಚಿತ್ರಕ್ಕೆ. ನಿರ್ದೇಶಕರು ಮತ್ತೆ ಲೀನ್. ಪಾಸ್ಟರ್ನಾಕ್ ಅವರ ರಷ್ಯನ್ ಕಾದಂಬರಿಯಿಂದ ತೆಗೆದ ಕಥೆ. ಲಾರಾ ಎಂಬ ನಾಯಿಕೆಗೆ ಒಂದು ರಾಗ ಬೇಕಾಗಿತ್ತು. ಜಾರ್ ಬರೆದು ತಂದರು, ಲೀನ್ ತಲೆಯಾಡಿಸಿದರು. ಮತ್ತೆ ಬರೆದರು, ಮತ್ತೆ ಅದೇ ಉತ್ತರ. ಕೊನೆಗೆ ಲೀನ್ ಹೇಳಿದರಂತೆ: ರಷ್ಯವನ್ನು ಮರೆತುಬಿಡು, ಜಿವಾಗೊವನ್ನೂ ಮರೆತುಬಿಡು, ನಿನ್ನ ಪ್ರಿಯೆಯೊಡನೆ ಬೆಟ್ಟಕ್ಕೆ ಹೋಗಿ ಬಾ, ಅವಳನ್ನು ನೆನೆದು ಬರೆ. ಜಾರ್ ಹೋಗಿ ಬಂದರು. ಸೋಮವಾರ ಕುಳಿತರು, ಒಂದು ಗಂಟೆಯಲ್ಲಿ ರಾಗ ಸಿದ್ಧವಾಯಿತು.

ಅದು ಮೂರು ಮೂರು ಎಣಿಕೆಯ ವಾಲ್ಟ್ಸ್ ನಡೆ. ನಮ್ಮ ಉತ್ಸಾಹ ರಗಳೆಯ ಗಣ ನೆನಪಾಗುತ್ತದೆ. ಅದಕ್ಕೆ ರಷ್ಯದ ಬಲಲೈಕ ಬೇಕು. ಮೂರು ಮೂಲೆಯ ಬುರುಡೆಯುಳ್ಳ ತಂತಿವಾದ್ಯ. ಅದನ್ನು ನುಡಿಸುವವರನ್ನು ಲಾಸ್ ಏಂಜಲೀಸಿನ ಒಂದು ರಷ್ಯನ್ ಇಗರ್ಜಿಯಲ್ಲಿ ಹುಡುಕಿ ತಂದರು. ಅವರಿಗೆ ಸ್ವರಲಿಪಿ ಓದಲು ಬರುತ್ತಿರಲಿಲ್ಲ. ಬಾಯಿಪಾಠ ಮಾಡಿಸಿ ಕಲಿಸಬೇಕಾಯಿತು. ಗುರುಮುಖದಿಂದ ಕಲಿಯುವ ನಮ್ಮ ಕ್ರಮ ಹಾಲಿವುಡ್ಡಿನಲ್ಲೂ ಒಮ್ಮೆ ನಡೆಯಿತು ಎನ್ನೋಣ.

ಆ ರಾಗ ಲೋಕವನ್ನೆಲ್ಲ ಸುತ್ತಿತು. ಪಾಲ್ ಫ್ರಾನ್ಸಿಸ್ ವೆಬ್‌ಸ್ಟರ್ ಅದಕ್ಕೆ ಮಾತು ಹೊಂದಿಸಿ ಹಾಡು ಮಾಡಿದರು. ಆದರೆ ಸತ್ಯವನ್ನು ಹೇಳಬೇಕು. ಚಿತ್ರದಲ್ಲಿ ಆ ರಾಗ ಬಂದು ಬಂದು ಅತಿಯಾಯಿತೆಂಬ ಆಕ್ಷೇಪ ಅಂದಿನಿಂದಲೂ ಉಂಟು. ಅದರ ಸೊಬಗಿಗೆ ಮನಸೋತವರು ಜಾರ್ ಬರೆದ ಬೇರೆ ಭಾಗಗಳನ್ನು ತೆಗೆದು ಅಲ್ಲೆಲ್ಲ ಇದನ್ನೇ ತುಂಬಿದರು. ಹೋಳಿಗೆ ರುಚಿಯಾಗಿದೆಯೆಂದು ಅನ್ನ ಸಾರಿನ ಜಾಗಕ್ಕೂ ಹೋಳಿಗೆಯನ್ನೇ ಬಡಿಸಿದಂತಾಯಿತು. ಔಚಿತ್ಯ ತಪ್ಪಿದರೆ ಚೆಲುವಿಗೂ ಮಂಕು ಕವಿಯುತ್ತದೆಂಬುದಕ್ಕೆ ಅದೇ ಕೃತಿ ನಿದರ್ಶನ.

ಆ ಬಳಿಕ ಜಾರ್ ಅಮೆರಿಕದಲ್ಲಿ ನೆಲಸಿದರು. ಹಿಚ್‌ಕಾಕ್, ಜಾನ್ ಹ್ಯೂಸ್ಟನ್ ಮೊದಲಾದ ಹಿರಿಯ ನಿರ್ದೇಶಕರೊಡನೆ ಕೆಲಸ ಮಾಡಿದರು. ೧೯೭೬ರಲ್ಲಿ ಇಸ್ಲಾಮಿನ ಉದಯವನ್ನು ಕುರಿತ ‘ದಿ ಮೆಸೇಜ್’, ಮರುವರ್ಷ ಟೆಲಿವಿಷನ್ನಿಗಾಗಿ ತಯಾರಾದ ‘ಜೀಸಸ್ ಆಫ್ ನಜರೆತ್’, ಈ ಎರಡಕ್ಕೂ ಅವರದೇ ಸಂಗೀತ. ಅರುವತ್ತರ ಸುಮಾರಿನಲ್ಲಿ ಅವರು ಹಳೆಯ ಜಾಡಿನಲ್ಲೇ ನಿಲ್ಲದೆ ವಿದ್ಯುತ್ ವಾದ್ಯಗಳ ಕಡೆಗೆ ಹೊರಳಿದರು. ೧೯೮೫ರ ‘ವಿಟ್ನೆಸ್’ ಎಂಬ ಚಿತ್ರ ಅಮೆರಿಕದ ಆಮಿಷ್ ಜನರನ್ನು ಕುರಿತದ್ದು. ಕುದುರೆ ಗಾಡಿಯಲ್ಲಿ ಓಡಾಡುತ್ತ, ಮನೆಗೆ ವಿದ್ಯುತ್ತಿನ ತಂತಿಯನ್ನು ಎಳೆಸಿಕೊಳ್ಳದೆ ಬಾಳುವ ರೈತರು ಅವರು. ಊರವರೆಲ್ಲ ಕೂಡಿ ಒಂದು ದಿನದಲ್ಲಿ ಕಣಜದ ಕೊಟ್ಟಿಗೆಯನ್ನು ಕಟ್ಟಿ ನಿಲ್ಲಿಸುವ ದೃಶ್ಯವೊಂದು ಅದರಲ್ಲಿದೆ. ಮಾತು ಬಹಳ ಕಡಮೆ. ಒಂದು ಸಣ್ಣ ಸ್ವರಗುಚ್ಛ ಮತ್ತೆ ಮತ್ತೆ ಬಂದು, ಪ್ರತಿಸಲವೂ ಒಂದು ತೊಲೆ ಏರಿದಂತೆ ತಾನೂ ಒಂದು ಪದರ ಏರುತ್ತದೆ. ವಿದ್ಯುತ್ತನ್ನು ಒಲ್ಲದ ಜನರ ಕಥೆಗೆ ವಿದ್ಯುತ್ ವಾದ್ಯಗಳ ಸಂಗೀತ! ಆದರೂ ಎಲ್ಲಿಯೂ ಎರವೆನ್ನಿಸುವುದಿಲ್ಲ. ಒಟ್ಟುಗೂಡಿ ದುಡಿಯುವ ಕೈಗಳ ಲಯವನ್ನು ಅವರು ಹಿಡಿದಿದ್ದರು, ವಾದ್ಯ ಯಾವುದಾದರೇನು?

ಇನ್ನು ನಮ್ಮ ಬೆಟ್ಟಕ್ಕೆ ಬರೋಣ. ೧೯೮೪ರಲ್ಲಿ ‘ಎ ಪ್ಯಾಸೇಜ್ ಟು ಇಂಡಿಯ’ ಬಿಡುಗಡೆಯಾಯಿತು. ಭಾರತದ ಕಥೆಯೆಂದೊಡನೆ ಸಿತಾರು ತಬಲಗಳನ್ನು ಹರವಿ ಕುಳಿತುಕೊಳ್ಳುವುದು ಪರದೇಶದ ಸಂಯೋಜಕರಿಗೆ ಸುಲಭದ ದಾರಿ. ಜಾರ್ ಆ ದಾರಿಯನ್ನೇ ನಂಬಿ ಕೂರಲಿಲ್ಲ. ಕಥೆಯ ನಡುವೆ ಇರುವವಳು ಅಡೆಲಾ ಎಂಬ ಆಂಗ್ಲ ತರುಣಿ. ಹೊಸ ದೇಶದಲ್ಲಿ ಅವಳ ಮನಸ್ಸಿನೊಳಗೆ ಏನೋ ಕದಲುತ್ತದೆ. ಅದೇನೆಂದು ಅವಳಿಗೇ ಗೊತ್ತಿಲ್ಲ. ಕಾಡಿನ ಮಧ್ಯೆ ಪಾಳುಬಿದ್ದ ಗುಡಿಯ ಶಿಲ್ಪಗಳನ್ನು ಅವಳು ಒಬ್ಬಳೇ ನೋಡಿ ನಿಲ್ಲುವ ದೃಶ್ಯದಲ್ಲಿ ಸಂಗೀತವು ನಾಡನ್ನು ವರ್ಣಿಸುವುದಿಲ್ಲ, ಅವಳ ಮನಸ್ಸನ್ನು ನುಡಿಯುತ್ತದೆ. ಹೇಳದೆ ಹೇಳುವುದನ್ನು ನಮ್ಮ ಆನಂದವರ್ಧನನು ಧ್ವನಿಯೆಂದು ಕರೆದನು. ಗುಹೆಯ ಬಳಿಗೆ ಬಂದಾಗಲಂತೂ ಮುಖ್ಯವಾದದ್ದು ಮಾರ್ದನಿ. ಬಂಡೆಯೇ ಮಾತನಾಡುವ ಕಡೆ ಮನುಷ್ಯರ ವಾದ್ಯಕ್ಕೆ ಕೆಲಸ ಕಡಮೆ ಎಂಬುದನ್ನು ಅವರು ಅರಿತಿದ್ದರು. ಎರಡು ಮುಕ್ಕಾಲು ಗಂಟೆಯ ಚಿತ್ರದಲ್ಲಿ ಸಂಗೀತಕ್ಕೆ ದೊರೆತ ಹೊತ್ತು ಸ್ವಲ್ಪವೇ. ಆ ಸ್ವಲ್ಪಕ್ಕೇ ಮೂರನೆಯ ಆಸ್ಕರ್ ಬಂದಿತು. ಆ ವರ್ಷ ಸಂಗೀತಗಾರ ಮೊಟ್ಸಾರ್ಟನ ಬಾಳಿನ ಕಥೆಯಾದ ‘ಅಮೆಡೇಯಸ್’ ಚಿತ್ರವೇ ಎಲ್ಲೆಲ್ಲೂ ಗೆಲ್ಲುತ್ತಿತ್ತು. ಜಾರ್ ವೇದಿಕೆಗೆ ಬಂದು, ಈ ಸಲ ಮೊಟ್ಸಾರ್ಟ್ ಸ್ಪರ್ಧೆಗೆ ಅರ್ಹನಾಗಿರಲಿಲ್ಲವಾದ್ದರಿಂದ ನಾನು ಬದುಕಿಕೊಂಡೆ ಎಂಬ ಅರ್ಥದ ಮಾತಾಡಿ ಸಭೆಯನ್ನು ನಗಿಸಿದರು. ದೊಡ್ಡವರ ವಿನಯಕ್ಕೂ ಒಂದು ಲಯವಿರುತ್ತದೆ.

ಗುಣವನ್ನೇ ಹೇಳಿ ಕೊರತೆಯನ್ನು ಮುಚ್ಚಿಟ್ಟರೆ ಚರಿತ್ರೆ ಪೂರ್ತಿಯಾಗದು. ಮೊರೀಸ್ ಜಾರ್ ಅವರಿಗೆ ೧೯೪೮ರಲ್ಲಿ ಹುಟ್ಟಿದ ಮಗ ಜಾನ್ ಮಿಶೆಲ್. ಆ ಮಗುವಿಗೆ ಐದು ವರ್ಷವಾಗಿದ್ದಾಗ ತಂದೆತಾಯಿಗಳು ಬೇರೆಯಾದರು. ಮಗು ತಾಯಿಯ ಮಡಿಲಲ್ಲಿ ಬೆಳೆಯಿತು. ತಂದೆಯ ಒಡನಾಟ ದೊರೆಯಲಿಲ್ಲ. ಲೋಕದ ನಾನಾ ಪಾತ್ರಗಳ ಮನಸ್ಸನ್ನು ನಾದದಲ್ಲಿ ಹಿಡಿದವರು ಮನೆಯ ಹುಡುಗನ ಪಾಲಿಗೆ ದೂರವೇ ಉಳಿದರು. ಇದನ್ನು ಮಗನು ದೊಡ್ಡವನಾದ ಮೇಲೆ ನೋವಿನಿಂದ ಹೇಳಿಕೊಂಡಿದ್ದಾನೆ. ಆ ಹುಡುಗನಿಗೆ ನೆರವಾದವರು ಯಾರು ಗೊತ್ತೆ? ಲಿಯೋನಿನ ತಾತ, ಮಗನು ಎಂಜಿನಿಯರ್ ಓದನ್ನು ಬಿಟ್ಟನೆಂದು ಬೇಸರಪಟ್ಟಿದ್ದ ಅದೇ ಆಂದ್ರೆ ಜಾರ್. ಮೊಮ್ಮಗನಿಗೆ ಅವರು ಒಂದು ಟೇಪ್ ರೆಕಾರ್ಡರನ್ನು ಕೊಟ್ಟರು. ಹುಡುಗ ಅದರಲ್ಲಿ ಧ್ವನಿಗಳನ್ನು ಹಿಡಿದು ಆಟವಾಡಿದ. ಫ್ರೆಂಚ್ ರೇಡಿಯೊದ ಸಂಗೀತ ಸಂಶೋಧನಾ ವಿಭಾಗದಲ್ಲಿ ಕಲಿತ. ವಿದ್ಯುತ್ ವಾದ್ಯಗಳ ಸಂಗೀತಕ್ಕೆ ಲೋಕದಲ್ಲೇ ಹೆಸರಾದ. ೧೯೭೯ರ ಜುಲೈ ೧೪ರಂದು ಪ್ಯಾರಿಸಿನ ಚೌಕವೊಂದರಲ್ಲಿ ಅವನನ್ನು ಕೇಳಲು ಸುಮಾರು ಹತ್ತು ಲಕ್ಷ ಜನ ನೆರೆದಿದ್ದರು.

ಮಗನಿಗೆ ಬೇಡವೆಂದದ್ದನ್ನು ಮೊಮ್ಮಗನ ಕೈಗೆ ತಾನಾಗಿಯೇ ಇಟ್ಟ ಆ ತಾತನನ್ನು ನಾನು ಎಷ್ಟೋ ಸಲ ನೆನೆಸಿಕೊಂಡಿದ್ದೇನೆ.

೨೦೦೯ರ ಫೆಬ್ರುವರಿಯಲ್ಲಿ ಬರ್ಲಿನ್ ಚಿತ್ರೋತ್ಸವದವರು ಮೊರೀಸ್ ಜಾರ್ ಅವರಿಗೆ ಗೌರವದ ಚಿನ್ನದ ಕರಡಿಯನ್ನು ಕೊಟ್ಟರು. ಅದಾಗಿ ಕೆಲವೇ ವಾರಗಳಲ್ಲಿ, ಮಾರ್ಚ್ ಕೊನೆಗೆ, ಕ್ಯಾಲಿಫೋರ್ನಿಯದಲ್ಲಿ ಅವರು ತೀರಿಕೊಂಡರು. ಆಗ ಅವರಿಗೆ ೮೪ ವರ್ಷ.

ನನ್ನ ಶಿಷ್ಯನ ಮಾತು ಮುಗಿದಿಲ್ಲ. ಗಣಿತದಲ್ಲಿ ಅವನು ಪಾಸಾದ. ಈಗ ಒಂದು ಆಫೀಸಿನಲ್ಲಿ ಗುಮಾಸ್ತ, ಮರ್ಯಾದೆಯ ಬದುಕು. ಕೆಲವು ವರ್ಷದ ಹಿಂದೆ ಬಸ್ ನಿಲ್ದಾಣದಲ್ಲಿ ಸಿಕ್ಕಿ ನಮಸ್ಕಾರ ಮಾಡಿದ. ಅದೂ ಇದೂ ಮಾತಾದ ಮೇಲೆ ನಾನು, “ಈಗ ಮೃದಂಗ ಬಾರಿಸುತ್ತೀಯೇನಪ್ಪ?” ಎಂದೆ. ಅವನು ನಕ್ಕು, “ಅದನ್ನೆಲ್ಲ ಬಿಟ್ಟು ಬಹಳ ಕಾಲವಾಯಿತು ಸಾರ್. ನೀವೇ ಅಲ್ಲವೆ ಹೇಳಿದ್ದು, ಒಳ್ಳೆಯದೇ ಆಯಿತು” ಎಂದ. ಮಾತಿನಲ್ಲಿ ಕಹಿ ಇರಲಿಲ್ಲ. ಇದ್ದಿದ್ದರೆ ನನಗೆ ಹಗುರವಾಗುತ್ತಿತ್ತು. ಅವನ ಬಸ್ಸು ಬಂದಿತು, ಹೋದ.

ಬೆಂಚು ಬಡಿದವರೆಲ್ಲ ಮೊರೀಸ್ ಜಾರ್ ಆಗುವುದಿಲ್ಲ. ಅದು ನನಗೆ ಗೊತ್ತು. ಗಣಿತ ಬೇಡವೆಂದೂ ನಾನು ಹೇಳುವವನಲ್ಲ. ಸೆಕೆಂಡಿಗೆ ಸೆಕೆಂಡು ಹೊಂದಿಸಿ ಸ್ವರ ಹಾಕಿದ ಜಾರ್ ಅವರಿಗೆ ಲೆಕ್ಕ ಬೇಕಾಗಿಯೇ ಇತ್ತು. ಆದರೆ ಎಲ್ಲಿ ಬಾರಿಸಬೇಕು, ಎಲ್ಲಿ ಸುಮ್ಮನಿರಬೇಕು ಎಂಬುದು ಸಂಗೀತಗಾರರಿಗೆ ಮಾತ್ರ ಹೇಳಿದ ಪಾಠವಲ್ಲ. ನಾನು ಆ ದಿನ ಸುಮ್ಮನಿದ್ದಿದ್ದರೆ ಆಗುತ್ತಿತ್ತು.

ಮುಂದೆ ನೀವು ಯಾವುದಾದರೂ ಚಿತ್ರ ನೋಡುವಾಗ ಒಂದು ಕ್ಷಣ ಕಣ್ಣು ಮುಚ್ಚಿ, ಅದರ ಹಿಂದಿನ ನಾದವನ್ನು ಕೇಳಿ. ಆ ನಾದ ನಿಂತ ಕಡೆಯನ್ನೂ ಕೇಳಿ. ನನ್ನ ಮಟ್ಟಿಗೆ ಹೇಳುವುದಾದರೆ, ಈಗ ತರಗತಿಯಲ್ಲಿ ಯಾವನಾದರೂ ಬೆಂಚು ಬಡಿದರೆ ನಾನು ಕೂಡಲೇ ಗದರುವುದಿಲ್ಲ. ಪದ್ಯವನ್ನು ಒಂದು ಗಳಿಗೆ ನಿಲ್ಲಿಸಿ, ತಾಳ ಸರಿಯಾಗಿ ಬೀಳುತ್ತಿದೆಯೇ ಎಂದು ಕೇಳಿಸಿಕೊಳ್ಳುತ್ತೇನೆ. ಸರಿಯಾಗಿದ್ದರೆ ಆ ಹುಡುಗನ ತಂದೆಯನ್ನು ಬರಹೇಳುತ್ತೇನೆ.